ಇದ್ದುದರಲ್ಲೇ ಸಿನಿಮಾ

1991ನೇ ಇಸವಿ. ಅಮೆರಿಕದ ಟೆಕ್ಸಾಸ್ ರಾಜ್ಯದ ಆಸ್ಟಿನ್ ನಗರ. ಅಲ್ಲಿನ ಔಷಧ ಸಂಶೋಧನಾ ಕೇಂದ್ರವೊಂದರಲ್ಲಿ ಇಪ್ಪತ್ತೆರಡು–ಇಪ್ಪತ್ತಮೂರರ ತರುಣನೊಬ್ಬ ದಿನವಿಡೀ ಕುಳಿತು ಏನನ್ನೋ ಬರೆಯುತ್ತಿದ್ದ. ಅವನಿಗೆ ಕಾಯಿಲೆ ಏನೂ ಇರಲಿಲ್ಲ. ರಕ್ತದಲ್ಲಿನ ಕೊಲೆಸ್ಟರಾಲ್ ತಗ್ಗಿಸುವ ಹೊಸ ಔಷಧವೊಂದನ್ನು ಆ ಕೇಂದ್ರದವರು ಆರೋಗ್ಯವಂತರ ಮೇಲೆ ಪ್ರಯೋಗಿಸಿ ನೋಡುತ್ತಿದ್ದರು. ಒಂದು ತಿಂಗಳು ಅಲ್ಲೇ ಇದ್ದು, ಕೊಟ್ಟ ಔಷಧ ಸೇವಿಸಿ, ಕೇಳಿದಾಗಲೆಲ್ಲ ರಕ್ತ ಕೊಟ್ಟರೆ ಸುಮಾರು 3,000 ಡಾಲರ್ ಸಿಗುತ್ತಿತ್ತು. ಊಟ, ವಸತಿ ಉಚಿತ. ಬಿಡುವು ಬೇಕಾದಷ್ಟು. ಆ ಬಿಡುವಿನಲ್ಲಿ ಅವನು ಬರೆಯುತ್ತಿದ್ದುದು ಒಂದು ಚಲನಚಿತ್ರದ ಚಿತ್ರಕಥೆ. ಸಿಗಲಿದ್ದ ಹಣ ಅದೇ ಚಿತ್ರದ ಬಂಡವಾಳ.

ಆ ತರುಣನ ಹೆಸರು ರಾಬರ್ಟ್ ರೊಡ್ರಿಗಸ್. ಚಿತ್ರದ ಹೆಸರು ‘ಎಲ್ ಮರಿಯಾಚಿ’. ಸುಮಾರು ಎರಡು ವಾರದಲ್ಲಿ ಚಿತ್ರೀಕರಣ ಮುಗಿಸಿದ ಈ ಚಿತ್ರಕ್ಕೆ ಅವರು ಖರ್ಚು ಮಾಡಿದ್ದು 7,225 ಡಾಲರ್. ಆಗಿನ ವಿನಿಮಯ ದರದಲ್ಲಿ ಎರಡು ಲಕ್ಷ ರೂಪಾಯಿಗೂ ಕಡಿಮೆ. ಹಾಲಿವುಡ್ಡಿನಲ್ಲಿ ಒಂದು ದಿನದ ಚಿತ್ರೀಕರಣಕ್ಕೂ ಸಾಲದ ಹಣ ಅದು. ಎರಡು ವರ್ಷದೊಳಗೆ ಆ ಚಿತ್ರ ಅಮೆರಿಕದ ಚಿತ್ರಮಂದಿರಗಳಲ್ಲಿ ತೆರೆ ಕಂಡಿತು. 2011ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್, ಮುಂದಿನ ಪೀಳಿಗೆಗಾಗಿ ಕಾಪಾಡಬೇಕಾದ ಚಿತ್ರಗಳ ರಾಷ್ಟ್ರೀಯ ಪಟ್ಟಿಗೆ ಅದನ್ನು ಸೇರಿಸಿತು.

ಸಿನಿಮಾ ಹುಚ್ಚಿನ ಹುಡುಗರು ಈ ಕಥೆಯನ್ನು ಒಂದೇ ವಾಕ್ಯದಲ್ಲಿ ಹೇಳಿ ಮುಗಿಸುವುದುಂಟು: ‘ದುಡ್ಡೂ ಇಲ್ಲ, ಕಲಿತದ್ದೂ ಇಲ್ಲ, ಆದರೂ ಎರಡು ವಾರದಲ್ಲಿ ಸಿನಿಮಾ ಮಾಡಿಬಿಟ್ಟ.’ ಇದನ್ನು ಕೇಳಿದ ತಂದೆತಾಯಿಯರ ಎದೆ ಝಲ್ಲೆನ್ನುವುದೂ ಸಹಜವೇ. ಆದರೆ ಆ ವಾಕ್ಯದಲ್ಲಿ ಅರ್ಧ ಮಾತ್ರ ನಿಜ. ದುಡ್ಡು ಇರಲಿಲ್ಲ ಎಂಬುದು ಹೌದು. ಕಲಿತಿರಲಿಲ್ಲ ಎಂಬುದು ಮಾತ್ರ ಪೂರ್ತಿ ತಪ್ಪು.

ತಂದೆಯ ವಿಸಿಆರ್

ರಾಬರ್ಟ್ ಹುಟ್ಟಿದ್ದು 1968ರ ಜೂನ್ 20ರಂದು, ಟೆಕ್ಸಾಸ್‌ನ ಸ್ಯಾನ್ ಆಂಟೋನಿಯೊ ನಗರದಲ್ಲಿ. ಮೆಕ್ಸಿಕೊ ಮೂಲದ ಕುಟುಂಬ. ಮನೆಯಲ್ಲಿ ಹತ್ತು ಮಕ್ಕಳು. ತಾಯಿ ನರ್ಸ್. ತಂದೆಗೆ ಅಡುಗೆ ಪಾತ್ರೆಗಳನ್ನು ಮಾರುವ ಕೆಲಸ. ಆ ಕೆಲಸಕ್ಕೆ ನೆರವಾಗಲೆಂದು ತಂದೆ ಒಂದು ವಿಸಿಆರ್ ತಂದರು. ಅದರೊಂದಿಗೆ ಒಂದು ಕ್ಯಾಮೆರಾವೂ ಬಂತು. ಅದು ಈಗಿನಂತೆ ಅಂಗೈಯಲ್ಲಿ ಹಿಡಿಯುವ ಕ್ಯಾಮೆರಾ ಅಲ್ಲ. ತಂತಿಯಿಂದ ವಿಸಿಆರ್‌ಗೆ ಕಟ್ಟಿಹಾಕಿದ್ದ ಕ್ಯಾಮೆರಾ. ತಂತಿ ಎಷ್ಟು ಉದ್ದವೋ ಅಷ್ಟೇ ಓಡಾಟ.

ಹದಿಹರೆಯದಲ್ಲಿ ಹುಡುಗ ಜಾನ್ ಕಾರ್ಪೆಂಟರ್ ಎಂಬ ನಿರ್ದೇಶಕರ ‘ಎಸ್ಕೇಪ್ ಫ್ರಂ ನ್ಯೂಯಾರ್ಕ್’ ಚಿತ್ರವನ್ನು ನೋಡಿದ. ಒಬ್ಬನೇ ಮನುಷ್ಯ ಚಿತ್ರಕಥೆ, ನಿರ್ದೇಶನ, ಸಂಗೀತ ಎಲ್ಲಕ್ಕೂ ಕೈಹಾಕಬಹುದು ಎಂಬುದು ಅವನ ಮನಸ್ಸಿನಲ್ಲಿ ನಾಟಿತು. ಮನೆಗೆ ಬಂದರೆ ಕ್ಯಾಮೆರಾ ಇದೆ, ನಟಿಸಲು ಒಡಹುಟ್ಟಿದವರ ದಂಡೇ ಇದೆ. ತಡವೇಕೆ?

ಮೊದಮೊದಲು ಸಂಕಲನ ಮಾಡುವ ಉಪಕರಣವೇ ಇರಲಿಲ್ಲ. ಒಂದು ದೃಶ್ಯ ತೆಗೆದು ಗುಂಡಿ ಒತ್ತಿ ನಿಲ್ಲಿಸುವುದು, ಮುಂದಿನ ದೃಶ್ಯಕ್ಕೆ ಎಲ್ಲರನ್ನೂ ನಿಲ್ಲಿಸಿ ಮತ್ತೆ ಗುಂಡಿ ಒತ್ತುವುದು. ಹೀಗೆ ಮಾಡಬೇಕಾದರೆ ಕಥೆಯನ್ನು ಮೊದಲಿನಿಂದ ಕೊನೆಯವರೆಗೆ ಕ್ರಮವಾಗಿಯೇ ತೆಗೆಯಬೇಕು. ಮುಂದೆ ಯಾವ ಚಿತ್ರ, ಅದು ಎಷ್ಟು ಹೊತ್ತು ಎಂಬುದು ತಲೆಯಲ್ಲಿ ಮೊದಲೇ ಸಿದ್ಧವಾಗಿರಬೇಕು. ತಪ್ಪಿದರೆ ಅದನ್ನು ಅಳಿಸಿ ತಿದ್ದುವುದು ಕಷ್ಟ.

ಆಮೇಲೆ ಎರಡನೆಯ ವಿಸಿಆರ್ ಸಿಕ್ಕಿತು. ಒಂದರಲ್ಲಿ ಮೂಲ ಟೇಪು ಓಡಿಸಿ, ಬೇಕಾದ ಭಾಗ ಬಂದಾಗ ಇನ್ನೊಂದರಲ್ಲಿ ಮುದ್ರಿಸಿಕೊಳ್ಳುವುದು ಕ್ರಮ. ಇಲ್ಲಿಯೂ ಒಂದು ತೊಡಕಿತ್ತು. ಟೇಪಿನಿಂದ ಟೇಪಿಗೆ ನಕಲು ಮಾಡಿದಂತೆಲ್ಲ ಚಿತ್ರದ ಸ್ಪಷ್ಟತೆ ಕುಂದುತ್ತದೆ. ನಕಲಿನ ನಕಲು, ಅದರ ಮತ್ತೊಂದು ನಕಲು ಎಂದು ಹೋದರೆ ಕೊನೆಗೆ ತೆರೆಯ ಮೇಲೆ ಮಂಜು ಕವಿದಂತಾಗುತ್ತದೆ. ಆದ್ದರಿಂದ ಕತ್ತರಿ ಎಲ್ಲಿ ಬೀಳಬೇಕು ಎಂಬುದನ್ನು ಮೊದಲ ಸಲವೇ ಸರಿಯಾಗಿ ನಿರ್ಧರಿಸಬೇಕಿತ್ತು.

ಹತ್ತು ವರ್ಷಗಳ ಕಾಲ ನಡೆದದ್ದು ಇದೇ ಅಭ್ಯಾಸ. ಕಿರುಚಿತ್ರದ ಮೇಲೆ ಕಿರುಚಿತ್ರ. ಬಹುಪಾಲು ಮನೆಮಂದಿ ಬಿಟ್ಟರೆ ಬೇರೆ ಯಾರೂ ನೋಡದವು. ಆದರೆ ಒಂದೊಂದು ಚಿತ್ರವೂ ಒಂದೊಂದು ತಪ್ಪನ್ನು ಕಳೆಯುತ್ತಾ ಹೋಯಿತು. ಸಂಗೀತಗಾರರು ಸರಳೆ ವರಸೆ, ಜಂಟಿ ವರಸೆ ತಿದ್ದುವ ಹಾಗೆ ಈ ಹುಡುಗ ಚಿತ್ರಗಳನ್ನು ತಿದ್ದಿದ. ‘ಎಲ್ ಮರಿಯಾಚಿ’ಯ ಎರಡು ವಾರಗಳ ಹಿಂದೆ ಈ ಹತ್ತು ವರ್ಷಗಳಿವೆ ಎಂಬುದನ್ನು ವಿದ್ಯಾರ್ಥಿಗಳು ಮರೆಯಬಾರದು.

ಅಂಕ ಸಾಲದೆ ಹೋದಾಗ

ಆಸ್ಟಿನ್‌ನ ಟೆಕ್ಸಾಸ್ ವಿಶ್ವವಿದ್ಯಾಲಯಕ್ಕೆ ರಾಬರ್ಟ್ ಸೇರಿದರು. ಅಲ್ಲಿ ಚಲನಚಿತ್ರ ವಿಭಾಗವಿತ್ತು, ಒಳ್ಳೆಯ ಕ್ಯಾಮೆರಾಗಳಿದ್ದವು. ಆದರೆ ಆ ವಿಭಾಗದಲ್ಲಿ ಕಲಿಯಲು ಬೇಕಾದಷ್ಟು ಅಂಕ ಇವರಿಗೆ ಬರಲಿಲ್ಲ. ಬಾಗಿಲು ಮುಚ್ಚಿತು.

ಇಂಥ ಸಂದರ್ಭದಲ್ಲಿ ಎರಡು ದಾರಿಗಳಿರುತ್ತವೆ. ‘ಕುಣಿಯಲಾರದವಳು ನೆಲ ಡೊಂಕು ಅಂದಳಂತೆ’ ಎಂಬ ಗಾದೆಯಂತೆ ವ್ಯವಸ್ಥೆಯನ್ನು ಬೈದುಕೊಂಡು ಕೂರುವುದು ಒಂದು. ಇರುವ ಕೆಲಸವನ್ನು ಮುಂದುವರಿಸುವುದು ಇನ್ನೊಂದು. ರಾಬರ್ಟ್ ವಿಶ್ವವಿದ್ಯಾಲಯದ ವಿದ್ಯಾರ್ಥಿಗಳೇ ಹೊರತರುತ್ತಿದ್ದ ‘ದಿ ಡೈಲಿ ಟೆಕ್ಸನ್’ ಪತ್ರಿಕೆಗೆ ‘ಲಾಸ್ ಹೂಲಿಗನ್ಸ್’ ಎಂಬ ವ್ಯಂಗ್ಯಚಿತ್ರ ಸರಣಿ ಬರೆಯತೊಡಗಿದರು. ತಮ್ಮ ಮನೆಯ ಒಡಹುಟ್ಟಿದವರೇ ಅದರ ಪಾತ್ರಗಳಿಗೆ ಮೂಲ. ಪತ್ರಿಕೆಗೆ ಗಡುವು ತಪ್ಪುವಂತಿಲ್ಲ. ಹೊಳೆಯಲಿ, ಹೊಳೆಯದಿರಲಿ, ನಾಳೆಗೆ ಚಿತ್ರ ಸಿದ್ಧವಿರಬೇಕು. ಮೂರು ವರ್ಷ ಅದನ್ನು ನಡೆಸಿದರು. ನಾಲ್ಕೈದು ಚೌಕಗಳಲ್ಲಿ ಒಂದು ಕಥೆ ಹೇಳಿ ನಗಿಸುವ ಕೆಲಸವೂ ಸಿನಿಮಾದ ಪಾಠವೇ ಆಯಿತು.

ಜೊತೆಯಲ್ಲಿ ವಿಡಿಯೊ ಚಿತ್ರಗಳ ಕೆಲಸವೂ ನಿಲ್ಲಲಿಲ್ಲ. ತಮ್ಮ ಕಿರುಚಿತ್ರಗಳನ್ನು ಸ್ಥಳೀಯ ಸ್ಪರ್ಧೆಯೊಂದಕ್ಕೆ ಕಳಿಸಿ ಬಹುಮಾನ ಪಡೆದರು. ಆ ಬಹುಮಾನ ನೋಡಿದ ಮೇಲೆ ಚಲನಚಿತ್ರ ತರಗತಿಯ ಬಾಗಿಲು ತೆರೆಯಿತು. ಅಂಕಪಟ್ಟಿ ಮಾಡದ ಕೆಲಸವನ್ನು ಮಾಡಿಟ್ಟ ಚಿತ್ರಗಳು ಮಾಡಿದವು. ಅಲ್ಲಿ ಅವರು 16 ಮಿ.ಮೀ. ಫಿಲ್ಮಿನಲ್ಲಿ ತೆಗೆದ ‘ಬೆಡ್‌ಹೆಡ್’ ಎಂಬ ಕಿರುಚಿತ್ರ 1991ರಲ್ಲಿ ಹೊರಬಂತು. ನಟರು ಮತ್ತೆ ಅದೇ ತಮ್ಮ, ತಂಗಿಯರು. ಖರ್ಚು ಸುಮಾರು 800 ಡಾಲರ್. ಹಲವು ಚಿತ್ರೋತ್ಸವಗಳಲ್ಲಿ ಅದಕ್ಕೆ ಪ್ರಶಸ್ತಿ ಬಂತು.

ಆಗ ರಾಬರ್ಟ್ ಒಂದು ಲೆಕ್ಕ ಹಾಕಿದರು. ಕೆಲವೇ ನಿಮಿಷಗಳ ಚಿತ್ರಕ್ಕೆ 800 ಡಾಲರ್ ಆದರೆ, ಒಂದೂಕಾಲು ಗಂಟೆಯ ಚಿತ್ರಕ್ಕೆ ಎಂಟು ಸಾವಿರದ ಆಸುಪಾಸು ಸಾಕಲ್ಲ? ಅಂಥ ಚಿತ್ರವನ್ನು ಸ್ಪ್ಯಾನಿಷ್ ಭಾಷೆಯ ವಿಡಿಯೊ ಕ್ಯಾಸೆಟ್ ಮಾರುಕಟ್ಟೆಗೆ ಮಾರಿದರೆ ಹಾಕಿದ ಹಣವಾದರೂ ಹಿಂದಕ್ಕೆ ಬರುತ್ತದೆ. ಅದರಿಂದ ಇನ್ನೊಂದು ಚಿತ್ರ. ಹೀಗೆ ಎರಡು ಮೂರು ಚಿತ್ರ ಮಾಡಿ, ಕೈ ಪಳಗಿದ ಮೇಲೆ ದೊಡ್ಡ ಚಿತ್ರಕ್ಕೆ ಹೋಗಬೇಕು ಎಂಬುದು ಅವರ ಯೋಜನೆ. ಅಂದರೆ ‘ಎಲ್ ಮರಿಯಾಚಿ’ ಜಗತ್ತನ್ನು ಗೆಲ್ಲಲು ಹೊರಟ ಚಿತ್ರವಾಗಿರಲಿಲ್ಲ. ಅದು ಅಭ್ಯಾಸದ ಪುಸ್ತಕದ ಒಂದು ಪುಟ.

ಆ ಹಣದ ಒಂದು ಭಾಗಕ್ಕಾಗಿಯೇ ಅವರು ಔಷಧ ಪ್ರಯೋಗಕ್ಕೆ ಸೇರಿದ್ದು. ಇದನ್ನು ಮೆಚ್ಚುವ ಮುನ್ನ ಒಂದು ಎಚ್ಚರದ ಮಾತು ಅಗತ್ಯ. ಹೊಸ ಔಷಧದ ಅಡ್ಡ ಪರಿಣಾಮಗಳೇನು ಎಂಬುದನ್ನು ತಿಳಿಯುವುದಕ್ಕಾಗಿಯೇ ಇಂಥ ಪ್ರಯೋಗಗಳು ನಡೆಯುತ್ತವೆ. ಅಪಾಯವಿಲ್ಲ ಎಂದು ಮೊದಲೇ ಖಚಿತವಿದ್ದರೆ ಪ್ರಯೋಗದ ಅಗತ್ಯವೇ ಇರುವುದಿಲ್ಲ. ರಾಬರ್ಟ್‌ಗೆ ಒಳಿತಾಯಿತು ಎಂದಮಾತ್ರಕ್ಕೆ ದೇಹವನ್ನು ಪಣಕ್ಕಿಡುವುದು ಅನುಕರಿಸಬೇಕಾದ ದಾರಿಯಲ್ಲ. ಅವರಿಂದ ಕಲಿಯಬೇಕಾದದ್ದು ಬೇರೆ ಇದೆ.

ಮೊದಲು ಪಟ್ಟಿ, ಆಮೇಲೆ ಕಥೆ

ಸಾಮಾನ್ಯವಾಗಿ ಕಥೆ ಬರೆದಾದ ಮೇಲೆ ಅದಕ್ಕೆ ಬೇಕಾದ ಸಾಮಗ್ರಿ ಹುಡುಕುತ್ತಾರೆ. ಅರಮನೆ ಬೇಕು ಎಂದಾದರೆ ಅರಮನೆ, ಆನೆ ಬೇಕು ಎಂದಾದರೆ ಆನೆ. ರಾಬರ್ಟ್ ಇದನ್ನು ತಿರುಗುಮುರುಗು ಮಾಡಿದರು. ಮೊದಲು ತಮ್ಮ ಬಳಿ ಏನೇನಿದೆ ಎಂದು ಪಟ್ಟಿ ಮಾಡಿದರು.

ಅವರ ಶಾಲಾ ಸಹಪಾಠಿ ಕಾರ್ಲೋಸ್ ಗಲ್ಲಾರ್ಡೊ ಅವರ ಊರು ಮೆಕ್ಸಿಕೊದ ಸಿಯುದಾದ್ ಅಕೂನ್ಯಾ. ಟೆಕ್ಸಾಸ್ ಗಡಿಗೆ ಹೊಂದಿಕೊಂಡ ಊರು. ಆ ಊರಿನಲ್ಲಿ ಕಾರ್ಲೋಸ್‌ಗೆ ಎಲ್ಲರೂ ಪರಿಚಿತರು. ಅವರ ಬಂಧುಬಳಗದಲ್ಲಿ, ಗೆಳೆಯರಲ್ಲಿ ಬಾರ್ ಇದ್ದವರಿದ್ದರು, ಬಸ್ ಇದ್ದವರಿದ್ದರು, ಊರ ಹೊರಗೆ ತೋಟದ ಮನೆ ಇದ್ದವರಿದ್ದರು. ಕಾರ್ಲೋಸ್ ಬಳಿ ಒಂದು ನಾಯಿ ಇತ್ತು. ಜೊತೆಗೆ ಒಂದು ಆಮೆ, ಒಂದು ಗಿಟಾರ್ ಪೆಟ್ಟಿಗೆ. ಸರಿ, ಕಥೆಯಲ್ಲಿ ಬಾರ್ ಬಂತು, ಬಸ್ ಬಂತು, ತೋಟದ ಮನೆ ಬಂತು, ನಾಯಿ ಬಂತು, ಆಮೆಯೂ ಬಂತು.

ಕಥೆ ಸರಳ. ಕೆಲಸ ಹುಡುಕುತ್ತಾ ಬಡ ಗಾಯಕನೊಬ್ಬ ಕಪ್ಪು ಉಡುಪು ತೊಟ್ಟು, ಗಿಟಾರ್ ಪೆಟ್ಟಿಗೆ ಹಿಡಿದು ಒಂದು ಊರಿಗೆ ಬರುತ್ತಾನೆ. ಅದೇ ದಿನ ಒಬ್ಬ ಪಾತಕಿಯೂ ಅಲ್ಲಿಗೆ ಬರುತ್ತಾನೆ. ಅವನದೂ ಕಪ್ಪು ಉಡುಪು, ಕೈಯಲ್ಲಿ ಗಿಟಾರ್ ಪೆಟ್ಟಿಗೆ. ಆದರೆ ಅದರೊಳಗೆ ಇರುವುದು ಬಂದೂಕುಗಳು. ಪಾತಕಿಯ ವೈರಿಗಳು ಗಾಯಕನನ್ನೇ ಪಾತಕಿ ಎಂದು ತಿಳಿದು ಬೆನ್ನಟ್ಟುತ್ತಾರೆ. ಒಂದು ಪೆಟ್ಟಿಗೆಯ ಮೇಲೆ ಇಡೀ ಚಿತ್ರ ನಿಂತಿತು.

ನಾಯಕ ಕಾರ್ಲೋಸ್ ಗಲ್ಲಾರ್ಡೊ ಅವರೇ. ಖಳನಾಯಕ ಪೀಟರ್ ಮಾರ್ಕ್ವಾರ್ಟ್, ಔಷಧ ಪ್ರಯೋಗದ ವೇಳೆ ಪರಿಚಯವಾದವರು. ಅವರಿಗೆ ಸ್ಪ್ಯಾನಿಷ್ ಬರುತ್ತಿರಲಿಲ್ಲ. ಮಾತುಗಳ ಉಚ್ಚಾರಣೆಯನ್ನಷ್ಟೇ ಕಲಿತು ಹೇಳಿದರು. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂಬ ಮಾತನ್ನು ಹಿರಿಯರು ಮನೆಯ ಖರ್ಚಿಗೆ ಹೇಳಿದ್ದರು. ರಾಬರ್ಟ್ ಅದನ್ನು ಕಥೆ ಕಟ್ಟುವುದಕ್ಕೂ ಅನ್ವಯಿಸಿದರು.

ಫಿಲ್ಮಿನ ಲೆಕ್ಕ

ಹಣದ ಬಹುಪಾಲು ಹೋದದ್ದು ಫಿಲ್ಮು ಕೊಳ್ಳುವುದಕ್ಕೆ, ಅದನ್ನು ತೊಳೆಸುವುದಕ್ಕೆ, ಬಳಿಕ ವಿಡಿಯೊ ಟೇಪಿಗೆ ವರ್ಗಾಯಿಸುವುದಕ್ಕೆ. ಇದರ ಲೆಕ್ಕ ತಿಳಿದರೆ ಅವರು ಉಳಿತಾಯ ಮಾಡಿದ ಬಗೆ ಅರ್ಥವಾಗುತ್ತದೆ.

16 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 40 ಚೌಕಟ್ಟುಗಳಿರುತ್ತವೆ. ಸಿನಿಮಾ ಕ್ಯಾಮೆರಾ ಸೆಕೆಂಡಿಗೆ 24 ಚೌಕಟ್ಟುಗಳನ್ನು ತೆಗೆಯುತ್ತದೆ. ನಿಮಿಷಕ್ಕೆ 1,440. ಅಂದರೆ ನಿಮಿಷಕ್ಕೆ 36 ಅಡಿ ಫಿಲ್ಮು ಓಡಿಹೋಗುತ್ತದೆ. ‘ಎಲ್ ಮರಿಯಾಚಿ’ಯ ಅವಧಿ 81 ನಿಮಿಷ. ಒಂದಿಂಚೂ ಹಾಳಾಗದೆ ತೆಗೆದರೂ 2,916 ಅಡಿ ಬೇಕು. ಪ್ರತಿ ದೃಶ್ಯವನ್ನೂ ಹತ್ತು ಸಲ ತೆಗೆದು, ಚೆನ್ನಾಗಿರುವ ಒಂದನ್ನು ಆರಿಸಿಕೊಳ್ಳುತ್ತೇವೆ ಎಂದರೆ 29,160 ಅಡಿ. ಫಿಲ್ಮಿನ ಬೆಲೆ ಹತ್ತರಷ್ಟು, ತೊಳೆಸುವ ಖರ್ಚೂ ಹತ್ತರಷ್ಟು.

ಆದ್ದರಿಂದ ರಾಬರ್ಟ್ ಒಂದು ನಿಯಮ ಮಾಡಿಕೊಂಡರು: ಸಾಧ್ಯವಾದಷ್ಟೂ ಒಂದೇ ಟೇಕ್. ನಟ ಅರ್ಧಕ್ಕೆ ತಪ್ಪಿದರೆ ಮೊದಲಿನಿಂದ ಮತ್ತೆ ಶುರುವಿಲ್ಲ. ಕ್ಯಾಮೆರಾದ ಕೋನ ಬದಲಿಸಿ, ತಪ್ಪಿದ ಕಡೆಯಿಂದ ಮುಂದುವರಿಕೆ. ದೃಶ್ಯದ ಸಂಖ್ಯೆ ಬರೆದು ತೋರಿಸುವ ಹಲಗೆಯೂ ಇಲ್ಲ. ನಟರೇ ಬೆರಳು ಎತ್ತಿ ಸಂಖ್ಯೆ ತೋರಿಸುತ್ತಿದ್ದರು. ಹುಡುಗನಾಗಿದ್ದಾಗ ವಿಸಿಆರ್ ಗುಂಡಿ ಒತ್ತುತ್ತಾ, ಮುಂದಿನ ಚಿತ್ರವನ್ನು ತಲೆಯಲ್ಲೇ ಕಟ್ಟಿಕೊಳ್ಳುತ್ತಿದ್ದ ಅಭ್ಯಾಸ ಇಲ್ಲಿ ಕೈಹಿಡಿಯಿತು. ಯಾವ ಚೂರು ಬೇಕು, ಯಾವುದು ಬೇಡ ಎಂಬುದು ಅವರಿಗೆ ತೆಗೆಯುವಾಗಲೇ ಗೊತ್ತಿತ್ತು. ಆ ತಿಳಿವಳಿಕೆ ಇಲ್ಲದವನು ಅದೇ 7,225 ಡಾಲರ್ ಹಿಡಿದು ಹೊರಟಿದ್ದರೆ ಅರ್ಧ ಚಿತ್ರಕ್ಕೇ ಹಣ ಮುಗಿಯುತ್ತಿತ್ತು.

ತುಟಿಗೂ ಮಾತಿಗೂ ತಾಳ

ದೊಡ್ಡ ತೊಡಕು ಬಂದದ್ದು ಧ್ವನಿಯಲ್ಲಿ. ಎರವಲು ತಂದ ಕ್ಯಾಮೆರಾ ಓಡುವಾಗ ಜೋರಾಗಿ ಸದ್ದು ಮಾಡುತ್ತಿತ್ತು. ಅದರ ಪಕ್ಕದಲ್ಲಿ ಮೈಕ್ ಹಿಡಿದರೆ ನಟರ ಮಾತಿಗಿಂತ ಕ್ಯಾಮೆರಾದ ಸದ್ದೇ ಹೆಚ್ಚು ಕೇಳುತ್ತದೆ. ಸದ್ದಡಗಿಸುವ ಕ್ಯಾಮೆರಾಕ್ಕೆ, ಅದರ ವೇಗಕ್ಕೆ ಕರಾರುವಾಕ್ಕಾಗಿ ಹೊಂದುವ ಧ್ವನಿಮುದ್ರಣ ಯಂತ್ರಕ್ಕೆ ಹಣವಿಲ್ಲ.

ರಾಬರ್ಟ್ ದೃಶ್ಯವನ್ನು ಮೊದಲು ಧ್ವನಿಯಿಲ್ಲದೆ ತೆಗೆದರು. ಕ್ಯಾಮೆರಾ ನಿಲ್ಲಿಸಿದ ಕೂಡಲೇ ಸಾಧಾರಣ ಕ್ಯಾಸೆಟ್ ಟೇಪ್ ರೆಕಾರ್ಡರ್ ತೆಗೆದು, ನಟರ ಬಾಯಿಯ ಹತ್ತಿರ ಮೈಕ್ ಹಿಡಿದು, ಅದೇ ಮಾತನ್ನು ಅದೇ ಧಾಟಿಯಲ್ಲಿ ಮತ್ತೆ ಹೇಳಿಸಿದರು. ನಟರೆಲ್ಲ ಹೊಸಬರು. ತಮ್ಮ ಸಹಜ ಧಾಟಿಯಲ್ಲೇ ಮಾತಾಡುವವರು. ಹಾಗಾಗಿ ಎರಡನೆಯ ಸಲವೂ ಹೆಚ್ಚುಕಡಿಮೆ ಅದೇ ವೇಗದಲ್ಲಿ ಹೇಳಿದರು.

ಆದರೆ ‘ಹೆಚ್ಚುಕಡಿಮೆ’ ಎಂಬುದು ಇಲ್ಲಿ ಸಾಲದು. ಧ್ವನಿಯ ವೇಗ ಚಿತ್ರದ ವೇಗಕ್ಕಿಂತ ನೂರಕ್ಕೆ ಒಂದರಷ್ಟು ನಿಧಾನ ಎಂದಿಟ್ಟುಕೊಳ್ಳೋಣ. ಹತ್ತು ಸೆಕೆಂಡಿನಲ್ಲಿ ಸೆಕೆಂಡಿನ ಹತ್ತನೆಯ ಒಂದು ಭಾಗದಷ್ಟು ಅಂತರ ಬೀಳುತ್ತದೆ. ಅಂದರೆ ಎರಡಕ್ಕಿಂತ ಹೆಚ್ಚು ಚೌಕಟ್ಟುಗಳು. ತುಟಿ ಮುಚ್ಚಿದ ಮೇಲೂ ಮಾತು ಕೇಳುತ್ತಿದೆ ಎಂಬುದು ಪ್ರೇಕ್ಷಕನ ಕಣ್ಣಿಗೆ ಬೀಳಲು ಅಷ್ಟು ಸಾಕು.

ಇದಕ್ಕೆ ಅವರು ಕಂಡುಕೊಂಡ ಮದ್ದು ಕತ್ತರಿ. ತುಟಿಗೂ ಮಾತಿಗೂ ತಾಳ ತಪ್ಪುತ್ತಿದೆ ಎನ್ನುವ ಹೊತ್ತಿಗೆ ಸರಿಯಾಗಿ ದೃಶ್ಯ ಬದಲಿಸುವುದು. ಮಾತು ಕೇಳುತ್ತಿರುವವನ ಮುಖ ತೋರಿಸುವುದು, ಇಲ್ಲವೇ ನಾಯಿಯನ್ನು ತೋರಿಸುವುದು. ಮತ್ತೆ ಮಾತಾಡುವವನ ಮುಖಕ್ಕೆ ಬರುವಾಗ ಧ್ವನಿಯನ್ನು ಹೊಂದಿಸಿಕೊಳ್ಳುವುದು. ಹೀಗಾಗಿ ಚಿತ್ರದ ತುಂಬ ಪುಟ್ಟ ಪುಟ್ಟ ತುಣುಕುಗಳು ಬಿರುಸಿನಿಂದ ಸಾಗುತ್ತವೆ. ಚಿತ್ರ ನೋಡಿದ ವಿಮರ್ಶಕರು ಈ ಚುರುಕು ಸಂಕಲನವನ್ನು ಹೊಗಳಿದರು. ಅದರ ಬೇರು ಕೊರತೆಯಲ್ಲಿತ್ತು.

ಉಳಿದ ಉಪಾಯಗಳೂ ಇದೇ ಜಾತಿಯವು. ಕ್ಯಾಮೆರಾ ಚಲಿಸಬೇಕಾದಲ್ಲಿ ಹಳಿಯ ಮೇಲೆ ಓಡುವ ಟ್ರಾಲಿಯ ಬದಲು ಆಸ್ಪತ್ರೆಯಿಂದ ತಂದ ಗಾಲಿಕುರ್ಚಿ. ರಾಬರ್ಟ್ ಕ್ಯಾಮೆರಾ ಹಿಡಿದು ಅದರಲ್ಲಿ ಕೂತರೆ ಯಾರಾದರೂ ತಳ್ಳುವುದು. ಒಳಾಂಗಣದಲ್ಲಿ ಬೆಳಕಿಗೆ ಮೇಜಿನ ದೀಪಗಳು. ಸಹಾಯಕರ ತಂಡವೇ ಇಲ್ಲ. ಆ ದೃಶ್ಯದಲ್ಲಿ ಪಾತ್ರವಿಲ್ಲದ ನಟರೇ ಸಹಾಯಕರು. ಮೆಷಿನ್‌ಗನ್ ದೃಶ್ಯಕ್ಕೆ ಸ್ಥಳೀಯ ಪೊಲೀಸರಿಂದ ಬಂದೂಕು ಎರವಲು ಪಡೆದರು. ಗುಂಡಿಲ್ಲದ ತೋಟಾ ಹಾಕಿದರೆ ಅದು ಒಂದು ಸಲ ಸಿಡಿದು ಸಿಕ್ಕಿಕೊಳ್ಳುತ್ತಿತ್ತು. ಒಂದೊಂದು ಸಿಡಿತವನ್ನೂ ಬೇರೆ ಬೇರೆ ಕೋನದಿಂದ ತೆಗೆದು ಜೋಡಿಸಿ, ಮೇಲೆ ಸತತ ಗುಂಡಿನ ಸದ್ದು ಸೇರಿಸಿದರು. ಊರಿನ ಪತ್ರಕರ್ತರು ಈ ಹುಡುಗರ ಬಗ್ಗೆ ಕಟುವಾಗಿ ಬರೆದಾಗ ಅವರಿಗೂ ಸಣ್ಣ ಪಾತ್ರ ಕೊಟ್ಟು ಒಲಿಸಿಕೊಂಡರು.

ಲೆಕ್ಕದ ಇನ್ನೊಂದು ಬದಿ

ಆಸ್ಟಿನ್‌ಗೆ ಹಿಂತಿರುಗಿ, ಸ್ಥಳೀಯ ಕೇಬಲ್ ಕೇಂದ್ರದ ಉಪಕರಣಗಳಲ್ಲಿ ಸಂಕಲನ ಮುಗಿಸಿದ ರಾಬರ್ಟ್, ಚಿತ್ರವನ್ನು ಮಾರಲು ಲಾಸ್ ಏಂಜಲೀಸ್‌ಗೆ ಹೋದರು. ಕ್ಯಾಸೆಟ್ ಮಾರಾಟಗಾರರಿಗಾಗಿ ಹೋದವರ ಟೇಪು ಹಾಲಿವುಡ್ಡಿನ ಏಜೆಂಟರೊಬ್ಬರ ಕೈ ಸೇರಿತು. ಅಲ್ಲಿಂದ ದೊಡ್ಡ ಸಂಸ್ಥೆಗಳು ಅದನ್ನು ನೋಡಿದವು. ಕೊನೆಗೆ ಕೊಲಂಬಿಯಾ ಪಿಕ್ಚರ್ಸ್ ಚಿತ್ರವನ್ನು ಕೊಂಡು, ರಾಬರ್ಟ್ ಅವರೊಂದಿಗೆ ಒಪ್ಪಂದ ಮಾಡಿಕೊಂಡಿತು. 1993ರ ಸನ್‌ಡ್ಯಾನ್ಸ್ ಚಿತ್ರೋತ್ಸವದಲ್ಲಿ ‘ಎಲ್ ಮರಿಯಾಚಿ’ಗೆ ಪ್ರೇಕ್ಷಕರ ಪ್ರಶಸ್ತಿ ಬಂತು. ಅದೇ ವರ್ಷ ಅಮೆರಿಕದಲ್ಲಿ ಬಿಡುಗಡೆಯಾಗಿ ಸುಮಾರು 20 ಲಕ್ಷ ಡಾಲರ್ ಗಳಿಸಿತು.

ಇಲ್ಲಿ ಒಂದು ಅಂಶವನ್ನು ಮುಚ್ಚಿಡಬಾರದು. ಚಿತ್ರಮಂದಿರದಲ್ಲಿ ಜನ ನೋಡಿದ ಚಿತ್ರ 7,225 ಡಾಲರಿನದಲ್ಲ. ರಾಬರ್ಟ್ ಬಳಿ ಇದ್ದದ್ದು ವಿಡಿಯೊ ಟೇಪು. ಅದನ್ನು ಚಿತ್ರಮಂದಿರದಲ್ಲಿ ತೋರಿಸಬಲ್ಲ ಫಿಲ್ಮಾಗಿ ಮಾಡಿ, ಧ್ವನಿಯನ್ನು ಹೊಸದಾಗಿ ಹದಗೊಳಿಸಲು ಕೊಲಂಬಿಯಾ ಸಂಸ್ಥೆ ಸುಮಾರು 2 ಲಕ್ಷ ಡಾಲರ್ ಖರ್ಚು ಮಾಡಿತು. ಮೂಲ ವೆಚ್ಚದ ಸುಮಾರು 28 ಪಟ್ಟು. ಪ್ರಚಾರಕ್ಕೆ ಸುರಿದದ್ದು ಇದಕ್ಕೂ ಎಷ್ಟೋ ಹೆಚ್ಚು. ‘ಏಳು ಸಾವಿರದ ಚಿತ್ರ’ ಎಂಬ ಮಾತೇ ಪ್ರಚಾರದ ಒಂದು ಭಾಗವಾಯಿತು. ಚಿತ್ರ ಮಾಡುವುದು ಒಂದು ಕೆಲಸ, ಅದನ್ನು ಜನರಿಗೆ ತಲುಪಿಸುವುದು ಬೇರೆಯೇ ಕೆಲಸ. ಎರಡನೆಯದಕ್ಕೆ ಹಣ ಬೇಕೇ ಬೇಕಾಯಿತು. ಈ ಅರ್ಧವನ್ನು ಬಿಟ್ಟು ಹೇಳಿದರೆ ಎಳೆಯರಿಗೆ ಮೋಸ ಮಾಡಿದಂತೆ.

ದೊಡ್ಡವರಾದ ಮೇಲೆ

ಕೈಗೆ ಹಣ ಬಂದ ಮೇಲೆ ರಾಬರ್ಟ್ ತಮ್ಮ ಹಳೆಯ ಅಭ್ಯಾಸ ಬಿಟ್ಟರೆ? 1995ರಲ್ಲಿ ಬಂದ ‘ಡೆಸ್ಪರಾಡೊ’ದ ವೆಚ್ಚ ಸುಮಾರು 70 ಲಕ್ಷ ಡಾಲರ್. ಮೊದಲ ಚಿತ್ರದ ಸಾವಿರ ಪಟ್ಟು ಸಮೀಪ. ಆದರೂ ಸಂಕಲನ ತಾವೇ ಮಾಡಿದರು. 2001ರಲ್ಲಿ ಮಕ್ಕಳಿಗಾಗಿ ‘ಸ್ಪೈ ಕಿಡ್ಸ್’ ತೆಗೆದರು. ಸುಮಾರು 3.5 ಕೋಟಿ ಡಾಲರಿನ ಆ ಚಿತ್ರ 14 ಕೋಟಿಗೂ ಹೆಚ್ಚು ಗಳಿಸಿತು. 2003ರ ‘ಒನ್ಸ್ ಅಪಾನ್ ಎ ಟೈಮ್ ಇನ್ ಮೆಕ್ಸಿಕೊ’ ಚಿತ್ರವನ್ನು ಫಿಲ್ಮು ಬಿಟ್ಟು ಡಿಜಿಟಲ್ ಕ್ಯಾಮೆರಾದಲ್ಲಿ ತೆಗೆದು, ಛಾಯಾಗ್ರಹಣ, ಸಂಕಲನ, ಸಂಗೀತ ಮೂರನ್ನೂ ತಾವೇ ನಿರ್ವಹಿಸಿದರು. ಹಾಲಿವುಡ್ಡಿಗೆ ಮನೆ ಬದಲಿಸಲಿಲ್ಲ. ಆಸ್ಟಿನ್‌ನ ಹಳೆಯ ವಿಮಾನ ನಿಲ್ದಾಣದ ಜಾಗದಲ್ಲಿ ತಮ್ಮ ಟ್ರಬಲ್‌ಮೇಕರ್ ಸ್ಟುಡಿಯೊ ನೆಲೆಗೊಳಿಸಿದರು.

ಚಿತ್ರಕಥಾ ಪುಸ್ತಕಗಳ ಕಲಾವಿದ ಫ್ರಾಂಕ್ ಮಿಲ್ಲರ್ ಅವರ ‘ಸಿನ್ ಸಿಟಿ’ಯನ್ನು ಚಲನಚಿತ್ರವಾಗಿಸುವಾಗ, ಮಿಲ್ಲರ್ ಅವರನ್ನೂ ಸಹನಿರ್ದೇಶಕರೆಂದು ಹೆಸರಿಸಬೇಕು ಎಂದು ರಾಬರ್ಟ್ ಹಟ ಹಿಡಿದರು. ಅಮೆರಿಕದ ನಿರ್ದೇಶಕರ ಸಂಘದ ನಿಯಮ ಅದಕ್ಕೆ ಅಡ್ಡ ಬಂತು. 2004ರಲ್ಲಿ ಅವರು ಸಂಘವನ್ನೇ ಬಿಟ್ಟು ಹೊರಬಂದರು. ಅದರಿಂದ ಕೆಲವು ದೊಡ್ಡ ಅವಕಾಶಗಳು ಕೈತಪ್ಪಬಹುದು ಎಂದು ಗೊತ್ತಿದ್ದೂ ತೆಗೆದುಕೊಂಡ ನಿರ್ಧಾರ ಅದು. 2005ರಲ್ಲಿ ಚಿತ್ರ ಬಂದಾಗ ಇಬ್ಬರ ಹೆಸರೂ ತೆರೆಯ ಮೇಲಿತ್ತು.

ಎಲ್ಲವೂ ಗೆದ್ದವು ಎಂದಲ್ಲ. ಇದೇ ಚಿತ್ರದ ಎರಡನೆಯ ಭಾಗ 2014ರಲ್ಲಿ ಬಂದು ಹಾಕಿದ ಹಣವನ್ನೂ ಹಿಂತಿರುಗಿಸಲಿಲ್ಲ. ಅವರ ಚಿತ್ರಗಳಲ್ಲಿ ಹೊಡೆದಾಟ, ರಕ್ತಪಾತ ಅತಿಯಾಯಿತು ಎಂಬ ಆಕ್ಷೇಪವೂ ಇದೆ, ಅದರಲ್ಲಿ ಹುರುಳೂ ಇದೆ. ‘ಎಲ್ ಮರಿಯಾಚಿ’ಯೂ ಚಿಕ್ಕ ಮಕ್ಕಳಿಗೆ ತೋರಿಸುವ ಚಿತ್ರವಲ್ಲ. ಮಾಡಿದ ವಿಧಾನವನ್ನು ಮೆಚ್ಚುವವರು ಮಾಡಿದ್ದನ್ನೆಲ್ಲ ಮೆಚ್ಚಬೇಕೆಂಬ ನಿಯಮವೇನೂ ಇಲ್ಲ.

ತಮಗೆ ತಿಳಿದದ್ದನ್ನು ಅವರು ಬಚ್ಚಿಡಲಿಲ್ಲ. ‘ಎಲ್ ಮರಿಯಾಚಿ’ ಮಾಡುವಾಗ ಬರೆದಿಟ್ಟ ದಿನಚರಿಯನ್ನು 1995ರಲ್ಲಿ ‘ರೆಬೆಲ್ ವಿದೌಟ್ ಎ ಕ್ರೂ’ ಎಂಬ ಪುಸ್ತಕವಾಗಿ ಪ್ರಕಟಿಸಿದರು. ತಮ್ಮ ಚಿತ್ರಗಳ ಡಿವಿಡಿಗಳಲ್ಲಿ ‘ಹತ್ತು ನಿಮಿಷದ ಚಿತ್ರಶಾಲೆ’ ಎಂಬ ಪಾಠವನ್ನೂ ಸೇರಿಸಿದರು. 2019ರಲ್ಲಿ, ‘ಅಲಿಟಾ’ ಎಂಬ ಹತ್ತಾರು ಕೋಟಿ ಡಾಲರಿನ ಚಿತ್ರ ಬಿಡುಗಡೆಯಾದ ಅದೇ ವರ್ಷ, ‘ರೆಡ್ 11’ ಎಂಬ ಇನ್ನೊಂದು ಚಿತ್ರವನ್ನು ಜನರ ಮುಂದಿಟ್ಟರು. ಅದರ ವೆಚ್ಚ 7,000 ಡಾಲರ್. ಕಥೆಯ ಬೀಜ ತಾವು ತರುಣರಾಗಿದ್ದಾಗ ಕಳೆದ ಔಷಧ ಪ್ರಯೋಗದ ದಿನಗಳು. ಜೊತೆಗೆ ದುಡಿದವನು ಅವರ ಮಗ. ಹಣವಿದ್ದೂ ಹಳೆಯ ಕಟ್ಟಿಗೆ ತಮ್ಮನ್ನು ತಾವೇ ಒಳಪಡಿಸಿಕೊಂಡರು.

ಮನೆಯಲ್ಲಿ ಕೇಳಬೇಕಾದ ಪ್ರಶ್ನೆ

ಇಂದು ಹೈಸ್ಕೂಲು ಹುಡುಗನ ಕೈಯಲ್ಲಿರುವ ಮೊಬೈಲು ಚಿತ್ರ ತೆಗೆಯುತ್ತದೆ, ತುಟಿಗೆ ಹೊಂದುವಂತೆ ಧ್ವನಿ ಹಿಡಿಯುತ್ತದೆ, ಕತ್ತರಿಸಿ ಜೋಡಿಸುತ್ತದೆ. ಎಷ್ಟು ನಕಲು ಮಾಡಿದರೂ ಸ್ಪಷ್ಟತೆ ಕುಂದದಂತೆ ಇಡಬಹುದು. ಹತ್ತು ಸಲ ತೆಗೆದರೂ ಒಂದಡಿ ಫಿಲ್ಮು ಖರ್ಚಾಗುವುದಿಲ್ಲ. ರಾಬರ್ಟ್‌ಗೆ ಇಲ್ಲದಿದ್ದ ಎಲ್ಲವೂ ಇದೆ. ಆದರೆ ಹತ್ತು ಸಲ ತೆಗೆಯಬಹುದು ಎಂಬ ಧೈರ್ಯದಲ್ಲಿ, ತೆಗೆಯುವ ಮುನ್ನ ಯೋಚಿಸುವುದೇ ತಪ್ಪಿಹೋಗಬಾರದು. ಕಾಗದ, ಪೆನ್ಸಿಲು ಹಿಡಿದು, ಯಾವ ಚಿತ್ರದ ಮುಂದೆ ಯಾವ ಚಿತ್ರ, ಏಕೆ ಎಂದು ಬರೆದುಕೊಂಡು ಹೊರಡುವವನಿಗೆ ಮೊಬೈಲು ನಿಜವಾದ ಕ್ಯಾಮೆರಾ ಆಗುತ್ತದೆ.

ಮಗನೋ ಮಗಳೋ ಬಂದು ‘ಓದು ಬಿಟ್ಟು ಸಿನಿಮಾ ಸೇರುತ್ತೇನೆ’ ಎಂದರೆ ತಂದೆತಾಯಿಯರು ಏನು ಹೇಳಬೇಕು? ಕೂಡಲೇ ಗದರುವುದೂ ಬೇಡ, ಕೂಡಲೇ ತಲೆಯಾಡಿಸುವುದೂ ಬೇಡ. ರಾಬರ್ಟ್ ಓದುತ್ತಲೇ ಚಿತ್ರ ಮಾಡಿದರು, ವ್ಯಂಗ್ಯಚಿತ್ರ ಬರೆದರು. ಅಂಕ ಕಡಿಮೆ ಬಂದದ್ದಕ್ಕೆ ಬೆಲೆಯನ್ನೂ ತೆತ್ತರು. ಅವರಷ್ಟೇ ಕಷ್ಟಪಟ್ಟೂ ಹೆಸರಿಲ್ಲದೆ ಉಳಿದವರು ನೂರಾರು ಮಂದಿ ಇದ್ದಾರು. ಗೆದ್ದ ಒಬ್ಬನ ಕಥೆಯನ್ನು ಎಲ್ಲರಿಗೂ ನಿಯಮ ಎಂದುಕೊಳ್ಳುವುದು ವಿಜ್ಞಾನದ ರೀತಿಯಲ್ಲ.

ಆದರೆ ಒಂದು ಪ್ರಶ್ನೆ ಕೇಳಬಹುದು: ‘ಇಲ್ಲಿಯವರೆಗೆ ಎಷ್ಟು ಚಿತ್ರ ಮಾಡಿದ್ದೀಯ? ತೋರಿಸು ನೋಡೋಣ.’ ಒಂದೂ ಇಲ್ಲ ಎಂದಾದರೆ ಅದು ಸಿನಿಮಾ ನೋಡುವ ಆಸೆ, ಮಾಡುವ ಆಸೆಯಲ್ಲ. ಪರೀಕ್ಷೆ ಮುಗಿಯಲಿ, ಬೇಸಿಗೆ ರಜದಲ್ಲಿ ಐದು ನಿಮಿಷದ್ದೊಂದು ಮಾಡು ಎನ್ನಬಹುದು. ಹತ್ತು ಹನ್ನೆರಡು ತುಣುಕು ತಂದು ತೋರಿಸಿದರೆ, ಅವು ಎಷ್ಟೇ ಒರಟಾಗಿದ್ದರೂ, ಮನೆಯವರೆಲ್ಲ ಕೂತು ಕೊನೆಯವರೆಗೂ ನೋಡಬೇಕು. ಸ್ಯಾನ್ ಆಂಟೋನಿಯೊದ ಆ ಮನೆಯಲ್ಲಿ, ತನ್ನ ವ್ಯಾಪಾರಕ್ಕೆಂದು ತಂದ ವಿಸಿಆರನ್ನು ತಂದೆ ಬೀರುವಿನಲ್ಲಿಟ್ಟು ಬೀಗ ಹಾಕಿದ್ದರೆ ಈ ಕಥೆ ಶುರುವೇ ಆಗುತ್ತಿರಲಿಲ್ಲ.